ಬಂಟ್ವಾಳ ಪೇಟೆ ಸೋತದ್ದು ನೆರೆಗಲ್ಲ

ಬಂಟ್ವಾಳ ಪೇಟೆ ಯಾಕೆ ಹೀಗಾಯ್ತು ಅಂತ ಕೇಳಿದರೆ ನಮ್ಮ ಕಡೆ ಹೆಚ್ಚಿನವರು ಹೇಳುವುದು ಒಂದೇ ಮಾತು, ನೆರೆ. ಇಪ್ಪತ್ತಮೂರರ ಮಾರಿಬೊಳ್ಳ, ಮತ್ತೆ ಎಪ್ಪತ್ತನಾಲ್ಕರ ನೆರೆ. ನನಗೆ ಆ ಮಾತು ಒಪ್ಪಿಗೆ ಇಲ್ಲ. ನೆರೆ ಬಂದು ಹೋಗ್ತದೆ, ಪೇಟೆಯವರು ಕೆಸರು ಬಳಿದು ಮತ್ತೆ ಅಂಗಡಿ ತೆರೆಯುತ್ತಾರೆ. ಪೇಟೆಯನ್ನು ನಿಜಕ್ಕೂ ಕೆಡವಿದ್ದು ಬೇರೆ. ಅದು ರೈತರಾದ ನಮಗೂ ಸಂಬಂಧಪಟ್ಟದ್ದು, ಹಾಗಾಗಿ ಸ್ವಲ್ಪ ಉದ್ದ ಬರೆಯುತ್ತೇನೆ. ಪುರುಸೊತ್ತು ಇದ್ದಾಗ ಓದಿ.

ಮೊದಲು ಪೇಟೆ ಇಲ್ಲಿ ಹುಟ್ಟಿದ್ದು ಯಾಕೆ ನೋಡುವ. ರಸ್ತೆ ಇಲ್ಲದ ಕಾಲದಲ್ಲಿ ನಮಗೆ ರಸ್ತೆ ಅಂದರೆ ನೇತ್ರಾವತಿಯೇ. ಮಂಗಳೂರಿನಿಂದ ದೊಡ್ಡ ದೋಣಿಗಳು ಬಂಟ್ವಾಳ, ಪಾಣೆಮಂಗಳೂರಿನ ತನಕ ಬರುತ್ತಿದ್ದವು. ಅಲ್ಲಿಂದ ಮೇಲೆ ಉಪ್ಪಿನಂಗಡಿಗೆ ಸಣ್ಣ ದೋಣಿ, ಅದೂ ಹೊಳೆಯಲ್ಲಿ ನೀರಿರುವ ತಿಂಗಳುಗಳಲ್ಲಿ ಮಾತ್ರ. ಅಂದರೆ ದೊಡ್ಡ ದೋಣಿಯ ದಾರಿ ಎಲ್ಲಿ ಮುಗಿಯುತ್ತಿತ್ತೋ ಅಲ್ಲಿ ಪೇಟೆ. ಘಟ್ಟದ ಮೇಲಿನಿಂದ ಎತ್ತಿನ ಬೆನ್ನಿನಲ್ಲಿ ಬಂದದ್ದು ಇಲ್ಲಿ ಇಳಿದು ದೋಣಿ ಹತ್ತಬೇಕು, ಕೆಳಗಿನಿಂದ ದೋಣಿಯಲ್ಲಿ ಬಂದ ಉಪ್ಪು, ಒಣಮೀನು ಇಲ್ಲಿಂದ ಎತ್ತು ಹತ್ತಬೇಕು. ಉಪ್ಪಿನಂಗಡಿ, ಬೆಳ್ತಂಗಡಿ, ಪಾಣೆಮಂಗಳೂರಿನ ಅಕ್ಕರಂಗಡಿ, ಹೀಗೆ ನಮ್ಮಲ್ಲಿ ಎಷ್ಟು ಊರಿನ ಹೆಸರು ಅಂಗಡಿಯಲ್ಲಿ ಮುಗಿಯುತ್ತದೆ ಅಂತ ಲೆಕ್ಕ ಹಾಕಿ ನೋಡಿ. ರಾಜರು ಕಟ್ಟಿದ ಊರುಗಳಲ್ಲ ಇವು, ಸಾಮಾನು ಇಳಿಸಿದ ಜಾಗಗಳು.

ಟಿಪ್ಪು ಸತ್ತು ಇಂಗ್ಲಿಷರ ಆಡಳಿತ ಬಂದ ಮೇಲೆ, 1801ರ ಆರಂಭದಲ್ಲಿ ಬುಕಾನನ್ ಎಂಬ ಡಾಕ್ಟರು ಈ ದಾರಿಯಲ್ಲೇ ಹೋದರು. ಅರ್ಕುಳ, ಬಂಟ್ವಾಳ, ಬೆಳ್ತಂಗಡಿ, ವೇಣೂರು, ಮೂಡುಬಿದಿರೆ, ಕಾರ್ಕಳ. ಇವತ್ತು ನಾವು ಬಸ್ಸಿನಲ್ಲಿ ಹೋಗುವ ಊರುಗಳೇ. ಅರ್ಕುಳ ಅಂದರೆ ಫರಂಗಿಪೇಟೆ. 1784ರಲ್ಲಿ ಟಿಪ್ಪು ಇಲ್ಲಿಯ ಕ್ರಿಶ್ಚಿಯನರನ್ನು ಹಿಡಿದು ಶ್ರೀರಂಗಪಟ್ಟಣಕ್ಕೆ ಸಾಗಿಸಿದ್ದರಿಂದ ಆ ಊರು ಹಾಳುಬಿದ್ದಿತ್ತು. ಬಂಟ್ವಾಳದ್ದೂ ಅದೇ ಅವಸ್ಥೆ. ಯುದ್ಧದ ಕಾಲದಲ್ಲಿ ಕೊಡಗಿನ ರಾಜನ ಕಡೆಯವರು ಲೂಟಿ ಮಾಡಿ ಬಹಳ ಜನರನ್ನು ಎಳೆದುಕೊಂಡು ಹೋಗಿದ್ದರು. ಆದರೂ ಪೇಟೆ ಎದ್ದಿತು. ಹೊಳೆ ಅಲ್ಲೇ ಇತ್ತಲ್ಲ, ದೋಣಿ ಅಲ್ಲಿಗೇ ಬರಬೇಕಲ್ಲ.

ಪೇಟೆಯಲ್ಲಿ ಯಾರೆಲ್ಲ ಇದ್ದರು ಅಂತ ನಿಮಗೆ ಗೊತ್ತೇ ಉಂಟು. ವೆಂಕಟರಮಣ ದೇವಸ್ಥಾನದ ಸುತ್ತ ಕೊಂಕಣಿ ವ್ಯಾಪಾರಿಗಳು, ಅಡಿಕೆ, ಮೀನು, ದೋಣಿ ಅಂತ ಬ್ಯಾರಿಗಳು, ಕ್ರಿಶ್ಚಿಯನರು, ಹೊರೆ ಹೊರಲಿಕ್ಕೆ ಸುತ್ತಲಿನ ಹಳ್ಳಿಯ ಜನ. ಕನ್ನಡದ ಮಕ್ಕಳಿಗೆಲ್ಲ ಪದ್ಯ ಕೊಟ್ಟ ಪಂಜೆ ಮಂಗೇಶರಾಯರು 1874ರಲ್ಲಿ ಹುಟ್ಟಿದ್ದು ಇದೇ ಬಂಟ್ವಾಳದಲ್ಲಿ.

ಆದರೆ ರೈತ ಆ ಪೇಟೆಯಲ್ಲಿ ಎಲ್ಲಿದ್ದ? ಇತಿಹಾಸ ಬರೆಯುವವರು ಇದನ್ನು ಬೇಗ ದಾಟಿ ಹೋಗುತ್ತಾರೆ. ನಮ್ಮಲ್ಲಿ ಹೆಚ್ಚಿನವರು ಚಾಲಗೇಣಿಯವರು, ನನ್ನ ಅಜ್ಜನೂ ಹಾಗೆಯೇ. ಮೂಲಗೇಣಿ ಆದರೆ ಒಕ್ಕಲೆಬ್ಬಿಸುವುದು ಸುಲಭ ಇರಲಿಲ್ಲ, ಚಾಲಗೇಣಿಯವನಿಗೆ ಆ ಧೈರ್ಯ ಇಲ್ಲ. ಏಣೆಲು ಕೊಯ್ಲು ಮುಗಿದರೆ ಮುಡಿ ಕಟ್ಟಿ ಧಣಿಯ ಮನೆಗೆ ಹೊರಬೇಕು. ಈಗಿನ ಮಕ್ಕಳಿಗೆ ಮುಡಿ ಅಂದರೆ ಭೂತದ ಕೋಲಕ್ಕೆ, ಪೂಜೆಗೆ ಇಡುವ ಅಕ್ಕಿಮುಡಿ ಅಷ್ಟೇ. ಆಗ ಅದು ಅಳತೆ. 14 ಸೇರು ಒಂದು ಕಳಸೆ, 3 ಕಳಸೆ ಒಂದು ಮುಡಿ, ಒಟ್ಟು 42 ಸೇರು. ಗೇಣಿ ಎಷ್ಟು ಅಂದರೆ ಇಷ್ಟು ಮುಡಿ ಅಂತಲೇ ಲೆಕ್ಕ. ಆ ಮುಡಿ ಧಣಿಯ ಅಂಗಳದಿಂದ ಪೇಟೆಗೆ, ಪೇಟೆಯಿಂದ ದೋಣಿಗೆ, ದೋಣಿಯಿಂದ ಮಂಗಳೂರಿಗೆ. ಬೆಳೆದವನು ಮಾರಿದವನಲ್ಲ. ಪೇಟೆಗೆ ಅವನು ಬರುತ್ತಿದ್ದದ್ದು ಉಪ್ಪಿಗೆ, ಹೊಗೆಸೊಪ್ಪಿಗೆ, ಇಲ್ಲವೆ ಸಾಲಕ್ಕೆ.

ಸ್ವಂತ ಭೂಮಿ ಇದ್ದವನ ಕಥೆಯೂ ದೊಡ್ಡ ಸುಖದ್ದಲ್ಲ. ಕಂಪೆನಿ ಸರಕಾರ ತೀರ್ವೆಯನ್ನು ನಗದಿನಲ್ಲೇ ಕೊಡಬೇಕು ಅಂತ ಮಾಡಿತು. ಗದ್ದೆಯಲ್ಲಿ ಬೆಳೆಯುವುದು ಭತ್ತ, ರೂಪಾಯಿ ಅಲ್ಲವಲ್ಲ. ಕಂತು ಹತ್ತಿರ ಬಂದಾಗ ಎಲ್ಲರೂ ಒಟ್ಟಿಗೆ ಮಾರಬೇಕು, ಒಟ್ಟಿಗೆ ಮಾರಿದರೆ ರೇಟು ಬಿದ್ದೇ ಬೀಳ್ತದೆ. ಮೇಲಿಂದ ಉಪ್ಪು, ಹೊಗೆಸೊಪ್ಪು ಎರಡೂ ಸರಕಾರದ ಏಕಸ್ವಾಮ್ಯ. 1837ರಲ್ಲಿ ಸುಳ್ಯದ ಕಡೆಯಿಂದ ರೈತರು ದಂಡು ಕಟ್ಟಿಕೊಂಡು ಬೆಳ್ಳಾರೆ, ಪುತ್ತೂರು, ಬಂಟ್ವಾಳ ದಾರಿಯಾಗಿ ಮಂಗಳೂರಿಗೆ ನುಗ್ಗಿದ್ದು ಇದೇ ಸಿಟ್ಟಿನಲ್ಲಿ. ಏಪ್ರಿಲ್ 5ಕ್ಕೆ ಬಾವುಟಗುಡ್ಡೆಯಲ್ಲಿ ಅವರ ಬಾವುಟ ಹಾರಿತು, 13 ದಿನ ಮಂಗಳೂರು ಅವರ ಕೈಯಲ್ಲಿತ್ತು. ನಮ್ಮ ನಂದಾವರದ ಲಕ್ಷ್ಮಪ್ಪ ಬಂಗರಸರು ಅವರ ಜೊತೆ ನಿಂತರು, ಬಿಕರ್ನಕಟ್ಟೆಯಲ್ಲಿ ಗಲ್ಲಿಗೇರಿದರು. "ಕಲ್ಯಾಣಪ್ಪನ ಕಾಟಕಾಯಿ" ಅಂತ ಅದನ್ನು ಹಗುರ ಮಾಡಿ ಹೇಳುವುದು ನನಗೆ ಸರಿ ಕಾಣುವುದಿಲ್ಲ.

ಮತ್ತೆ ರಸ್ತೆ ಬಂತು. ಬ್ರಿಟಿಷರ ಕಾಲದಲ್ಲೇ ಪಾಣೆಮಂಗಳೂರಿನಲ್ಲಿ ಹೊಳೆಗೆ ಉಕ್ಕಿನ ಸಂಕ ಆಯ್ತು. ಎತ್ತಿನ ಗಾಡಿ, ಆಮೇಲೆ ಬಸ್ಸು, ಲಾರಿ. ಆಗಲೂ ಪೇಟೆಗೆ ಏನೂ ಆಗಲಿಲ್ಲ, ಯಾಕಂದರೆ ರಸ್ತೆ ಪಾಣೆಮಂಗಳೂರು ಪೇಟೆಯ ಒಳಗಿನಿಂದಲೇ ಹೋಗ್ತಿತ್ತು. 1923ರ ಆಗಸ್ಟಿನ ನೆರೆಯಲ್ಲಿ ಮಣ್ಣಿನ ಗೋಡೆಯ ಮನೆಗಳು ಕರಗಿ ಹೋದವು, ಆದರೆ ಪೇಟೆ ಪುನಃ ಎದ್ದಿತು.

1974ನ್ನು ಮಾತ್ರ ನಾನು ಬೇರೆಯಾಗಿ ನೋಡುವುದು. ಆ ವರ್ಷದಲ್ಲಿ ಎರಡು ಸಂಗತಿ ಆಯ್ತು. ಮಾರ್ಚ್ 1ಕ್ಕೆ ದೇವರಾಜ ಅರಸರ ತಿದ್ದುಪಡಿ ಕಾನೂನು ಜಾರಿಗೆ ಬಂತು, ಗೇಣಿ ಪದ್ಧತಿ ಹೋಯ್ತು. ಜುಲೈ 26ಕ್ಕೆ ದೊಡ್ಡ ನೆರೆ. ಪೇಟೆಯವರಿಗೆ ನೆನಪಿರುವುದು ನೆರೆ, ಯಾವ ಗೋಡೆಯಲ್ಲಿ ಎಷ್ಟು ಎತ್ತರಕ್ಕೆ ನೀರು ಬಂದಿತ್ತು ಅಂತ ಈಗಲೂ ತೋರಿಸುತ್ತಾರೆ. ನಮಗೆ ನೆನಪಿರುವುದು ಡಿಕ್ಲರೇಶನ್. ಫಾರಂ ಕೊಟ್ಟು, ಟ್ರಿಬ್ಯೂನಲಿಗೆ ಅಲೆದು, ಧಣಿಗಳ ಮುಖ ನೋಡ್ಲಿಕ್ಕೆ ಹೆದರಿ, ಕೊನೆಗೆ ಭೂಮಿ ನಮ್ಮ ಹೆಸರಿಗೆ ಆಯ್ತು. ಎಲ್ಲರಿಗೂ ಆಗಲಿಲ್ಲ, ಹೆದರಿ ಫಾರಂ ಕೊಡದವರೂ ಇದ್ದಾರೆ. ಭೂಮಿ ಸಿಕ್ಕಿದವರು ಗದ್ದೆಯ ಬದಿಯಲ್ಲಿ, ಆಮೇಲೆ ಗದ್ದೆಯಲ್ಲೇ ಅಡಿಕೆ ಇಟ್ಟರು. ಹಿಂದಿನ ವರ್ಷವಷ್ಟೇ, 1973ರಲ್ಲಿ, ಕ್ಯಾಂಪ್ಕೊ ಶುರುವಾಗಿತ್ತು. ಮೊದಲ ಬಾರಿಗೆ ನಮ್ಮ ಬೆಳೆ ನಮ್ಮದು, ನಾವೇ ಮಾರುವವರು.

ಸರಿ, ಮಾರಲಿಕ್ಕೆ ಹೊರಟಾಗ ಪೇಟೆ ಎಲ್ಲಿ? ಅಷ್ಟರಲ್ಲಿ ಅದು ಜಾಗ ಬಿಡಲಿಕ್ಕೆ ಶುರು ಮಾಡಿತ್ತು. ಹೆದ್ದಾರಿಯಿಂದ ಬಂಟ್ವಾಳಕ್ಕೆ ತಿರುಗುವ ಜಾಗಕ್ಕೆ ಬಂಟ್ವಾಳ ಕ್ರಾಸ್ ರೋಡ್ ಅಂತ ಹೆಸರು, ಅದೇ ಬಿ.ಸಿ.ರೋಡು. ಬರೀ ತಿರುವಾಗಿದ್ದ ಜಾಗ. 1979ರಲ್ಲಿ ಹಾಸನ–ಮಂಗಳೂರು ರೈಲು ಆದಾಗ ಬಂಟ್ವಾಳ ಸ್ಟೇಷನ್ ಬಂದದ್ದು ಆ ಬದಿಗೆ. ಬಸ್‌ಸ್ಟ್ಯಾಂಡು ಅಲ್ಲಿ, ತಾಲೂಕು ಕಚೇರಿ ಅಲ್ಲಿ. ಬಂಟ್ವಾಳ ಪೇಟೆಗೆ ಬೈಪಾಸ್ ಆಯ್ತು, ಬೆಳ್ತಂಗಡಿ ಕಡೆಯ ವಾಹನಗಳು ಒಳಗೆ ಬರುವುದು ನಿಂತಿತು. ಪಾಣೆಮಂಗಳೂರಿಗೆ ಪಕ್ಕದಲ್ಲೇ ಹೊಸ ಸಂಕ ಬಂತು, ಹೆದ್ದಾರಿ ಪೇಟೆಯನ್ನು ಬಿಟ್ಟು ಸೀದಾ ಮೆಲ್ಕಾರಿಗೆ ಹೋಯ್ತು. ಹಳೆ ಉಕ್ಕಿನ ಸಂಕ ಈಗಲೂ ನಿಂತಿದೆ, ಘನ ವಾಹನಕ್ಕೆ ನಿಷೇಧ. ಲೂಟಿಗೆ ಜಗ್ಗದ, ನೆರೆಗೆ ಜಗ್ಗದ ಪೇಟೆ ಇದಕ್ಕೆ ಜಗ್ಗಿತು. ಗಲಾಟೆ ಇಲ್ಲ, ಸಾವುನೋವಿಲ್ಲ, ಹಾಗಾಗಿ ಯಾರ ನೆನಪಿನಲ್ಲೂ ಅದಕ್ಕೊಂದು ತಾರೀಕು ಇಲ್ಲ.

ಇದನ್ನು ಈಗ ಬರೆಯಲಿಕ್ಕೆ ಕಾರಣ ಉಂಟು. ಕುಲಶೇಖರದಿಂದ ಮೂಡುಬಿದಿರೆ ಮೇಲಾಗಿ ಕಾರ್ಕಳದ ಹೆದ್ದಾರಿ ಚತುಷ್ಪಥ ಆಗ್ತಾ ಉಂಟು, ಬಿ.ಸಿ.ರೋಡಿನಿಂದ ಪುಂಜಾಲಕಟ್ಟೆ, ಚಾರ್ಮಾಡಿ ರಸ್ತೆ ಅಗಲ ಆಗಿದೆ, ಆಗ್ತಾ ಉಂಟು. ಭೂಮಿ ಹೋದವರು ಪರಿಹಾರದ ರೇಟಿಗೆ ಜಗಳ ಮಾಡುತ್ತಿದ್ದಾರೆ, ಮಾಡಲೇಬೇಕು. ಭೂಮಿ ಹೋಗದವರು ನಮಗೇನೂ ಆಗಲಿಲ್ಲ ಅಂತ ಕೂತಿದ್ದಾರೆ. ಅವರು ಒಮ್ಮೆ ಪಾಣೆಮಂಗಳೂರು ಪೇಟೆಯಲ್ಲಿ ಮಧ್ಯಾಹ್ನ ನಡೆದು ನೋಡಲಿ. ಅಲ್ಲಿಯ ಅಂಗಡಿಯವರದ್ದು ಒಂದು ಸೆಂಟ್ಸೂ ಹೋಗದೆ ವ್ಯಾಪಾರ ಹೋಯ್ತು. ನಿಮ್ಮ ಅಡಿಕೆ ಅಂಗಡಿ, ಹಾಲಿನ ಸೊಸೈಟಿ, ಬಸ್ಸು ನಿಲ್ಲುವ ಜಾಗ ಹೊಸ ರಸ್ತೆಯ ಯಾವ ಬದಿಗೆ ಬೀಳ್ತದೆ, ದಾಟಲಿಕ್ಕೆ ಎಲ್ಲಿ ಬಿಟ್ಟಿದ್ದಾರೆ ಅಂತ ನಕ್ಷೆ ಕೇಳಿ ನೋಡಿ. ಡಿವೈಡರ್ ಹಾಕಿದ ಮೇಲೆ ಕೇಳಿದರೆ ಪ್ರಯೋಜನ ಇಲ್ಲ.

ಮತ್ತೊಂದು. ಯಾರ ಮನೆಯ ಅಟ್ಟದಲ್ಲಾದರೂ ಹಳೆ ಗೇಣಿ ರಶೀದಿ, ಡಿಕ್ಲರೇಶನಿನ ಕಾಗದ ಇದ್ದರೆ ಗೆದ್ದಲು ತಿನ್ನುವ ಮೊದಲು ಫೋಟೊ ತೆಗೆದಿಡಿ. ದೋಣಿಯಲ್ಲಿ ಸಾಮಾನು ಹೋದದ್ದನ್ನು ಕಂಡ ಹಿರಿಯರು ಇದ್ದರೆ ಎಷ್ಟು ಮುಡಿ ಹಿಡಿಯುತ್ತಿತ್ತು, ಬಾಡಿಗೆ ಎಷ್ಟು ಅಂತ ಕೇಳಿ ಬರೆದಿಡಿ. ನನಗೂ ಕಳಿಸಿ.