ವಕೀಲರ ಕಪಾಟಿನಲ್ಲಿ ಉಳಿದ ಕಾಗದ

'ವಕೀಲ' ಎಂಬ ಪದ ಅರಬಿಯಿಂದ ಪಾರ್ಸಿಯ ಮೂಲಕ ನಮ್ಮ ನುಡಿಗೆ ಬಂದದ್ದು. ನಂಬಿ ನಮ್ಮ ಕೆಲಸವನ್ನು ಯಾರಿಗೆ ವಹಿಸುತ್ತೇವೆಯೋ ಅವರೇ ವಕೀಲರು. ಹೆಮ್ಮಾಡಿಯ ಗೇಣಿದಾರ ತಲ್ಲೂರು ದಾಟಿ ಕುಂದಾಪುರದ ಕೋರ್ಟಿಗೆ ಹೋಗಿ ವಕಾಲತ್ತಿಗೆ ಹೆಬ್ಬೆಟ್ಟು ಒತ್ತಿದಾಗ ಫೀಸು ಮಾತ್ರ ಕೊಟ್ಟು ಬರುತ್ತಿರಲಿಲ್ಲ. ಮನೆಯಲ್ಲಿದ್ದ ಗೇಣಿ ಚೀಟಿ, ರಶೀದಿಗಳನ್ನೂ ಅವರ ಕೈಗಿತ್ತು ಬರುತ್ತಿದ್ದ. ಆ ನಂಬಿಕೆ ಮುರಿದರೆ ಕೇಳುವವರು ಯಾರು?

ದಕ್ಷಿಣ ಕನ್ನಡ ಜಿಲ್ಲೆ 1956ರವರೆಗೆ ಮದ್ರಾಸಿಗೆ ಸೇರಿತ್ತು. 1879ರ ವಕೀಲರ ಕಾಯ್ದೆಯಂತೆ ಕೆಳಗಿನ ಕೋರ್ಟಿನ ವಕೀಲರ ಮೇಲೆ ಆರೋಪ ಬಂದರೆ ಅಲ್ಲಿಯ ನ್ಯಾಯಾಧೀಶರೇ ವಿಚಾರಿಸಿ ಹೈಕೋರ್ಟಿಗೆ ವರದಿ ಕಳಿಸಬೇಕಿತ್ತು. ಅಮಾನತು, ವಜಾ ಎಲ್ಲ ಹೈಕೋರ್ಟಿನ ಕೈಯಲ್ಲಿ. ಕಕ್ಷಿದಾರರನ್ನು ಹಿಡಿದು ತರುವ ದಲ್ಲಾಳಿಗಳ ಹೆಸರು ಬರೆದಿಟ್ಟು ಅವರನ್ನು ಕೋರ್ಟಿನ ಆವರಣದಿಂದ ಹೊರಗಿಡಲೂ ಅದೇ ಕಾಯ್ದೆಯಲ್ಲಿ ದಾರಿಯಿತ್ತು. ದಲ್ಲಾಳಿಯ ಕಾಟ ಇಂದಿನದಲ್ಲ ಎಂದಾಯಿತು!

1961ರ ವಕೀಲರ ಅಧಿನಿಯಮ ಈ ಅಧಿಕಾರವನ್ನು ನ್ಯಾಯಾಧೀಶರಿಂದ ತೆಗೆದು ವಕೀಲರ ಪರಿಷತ್ತಿಗೆ ಕೊಟ್ಟಿತು. ವೃತ್ತಿಯ ಸ್ವಾತಂತ್ರ್ಯಕ್ಕೆ ಇದು ಬೇಕಾಗಿತ್ತೆಂದು ನಾವು ಒಪ್ಪುತ್ತೇವೆ. ಆದರೆ ಹೆಮ್ಮಾಡಿಯವನಿಗೆ ಪರಿಷತ್ತು ದೂರದ ಬೆಂಗಳೂರಿನಲ್ಲಿದೆ, ದೂರು ಕೇಳುವ ಶಿಸ್ತು ಸಮಿತಿಯ ಮೂವರೂ ವಕೀಲರೇ.

ವಕೀಲರ ಬಗ್ಗೆ ಸರಕಾರಕ್ಕೇ ಎಷ್ಟು ನಂಬಿಕೆಯಿತ್ತು ಎನ್ನುವುದಕ್ಕೆ ನಮ್ಮ ಕರಾವಳಿ ಕಂಡ ಭೂಸುಧಾರಣೆಯನ್ನು ನೋಡಬೇಕು. ದೇವರಾಜ ಅರಸು ಅವರ ಕಾಲದಲ್ಲಿ, 1974ರ ಮಾರ್ಚ್ 1ರಿಂದ ಜಾರಿಗೆ ಬಂದ ತಿದ್ದುಪಡಿಯಂತೆ ಗೇಣಿದಾರರು ಫಾರಂ ನಂ. 7 ತುಂಬಿ ಭೂ ನ್ಯಾಯಮಂಡಳಿಯ ಮುಂದೆ ನಿಂತರು. ಅಲ್ಲಿ ವಕೀಲರಿಗೆ ಪ್ರವೇಶವಿರಲಿಲ್ಲ. 48(8)ನೇ ಕಲಮು ಅದನ್ನು ತಡೆದಿತ್ತು. ಧಣಿಗೆ ದೊಡ್ಡ ವಕೀಲರನ್ನು ಹಿಡಿಯಲು ಹಣವಿದೆ, ಚಾಲಗೇಣಿಯವನಿಗಿಲ್ಲ. ಹಾಗಾಗಿ ಇಬ್ಬರೂ ತಮ್ಮ ಬಾಯಿಯಿಂದಲೇ ಹೇಳಲಿ ಎಂಬ ಲೆಕ್ಕ ಅದರಲ್ಲಿ ನಮಗೆ ಕಾಣುತ್ತದೆ. 1987ರಲ್ಲಿ ಸುಪ್ರೀಂ ಕೋರ್ಟು ಈ ಕಲಮನ್ನು ರದ್ದು ಮಾಡಿತು. ವಕೀಲರು ವೃತ್ತಿ ನಡೆಸುವ ಹಕ್ಕು ಕೇಂದ್ರದ ಕಾನೂನಿನ ವಿಷಯ, ರಾಜ್ಯ ಅದನ್ನು ತಡೆಯಲಾಗದು ಎಂಬುದು ಕಾರಣ. ತರ್ಕ ಸರಿಯೇ. ಆದರೆ ವಕೀಲರನ್ನು ದೂರವಿಡುವಷ್ಟು ಅಳುಕು ಬಂದದ್ದೇಕೆ ಎಂಬ ಪ್ರಶ್ನೆ ತೀರ್ಪಿನಿಂದ ತೀರಲಿಲ್ಲ.

ಕರ್ನಾಟಕದ್ದೇ ಒಂದು ಪ್ರಕರಣ ಇಲ್ಲಿ ನೆನೆಯತಕ್ಕದ್ದು. 1968ರಲ್ಲಿ ಒಬ್ಬ ಮಹಿಳೆ ಬರೆಸಿದ ಉಯಿಲು ವಕೀಲರ ವಶದಲ್ಲಿತ್ತು. 1982ರಲ್ಲಿ ಅಳಿಯ ಎರಡು ಸಲ ಪತ್ರ ಬರೆದು ಕೇಳಿದರೂ ಅದು ಕೈಗೆ ಬರಲಿಲ್ಲ. 1986ರಲ್ಲಿ ರಾಜ್ಯ ವಕೀಲರ ಪರಿಷತ್ತಿಗೆ ದೂರು ಹೋಯಿತು. ಕೊನೆಗೆ ಸುಪ್ರೀಂ ಕೋರ್ಟು ಇದನ್ನು ನಂಬಿಕೆದ್ರೋಹವೆಂದೇ ಕರೆದು, ಒಂದು ವರ್ಷದ ಅಮಾನತನ್ನು ಎತ್ತಿಹಿಡಿಯಿತು. ಪತ್ರ ಬರೆದಲ್ಲಿಂದ ಇಷ್ಟಾಗಲು ಹತ್ತು ವರ್ಷಕ್ಕೂ ಮಿಕ್ಕಿ ಹಿಡಿಯಿತು. ದೂರನ್ನು ಒಂದು ವರ್ಷದೊಳಗೆ ಮುಗಿಸಬೇಕು, ಇಲ್ಲವಾದರೆ ಅದು ಭಾರತೀಯ ವಕೀಲರ ಪರಿಷತ್ತಿಗೆ ಹೋಗಬೇಕು ಎಂದು ಕಾನೂನೇ ಹೇಳುತ್ತದೆ ಎನ್ನುವುದನ್ನೂ ಇಲ್ಲಿ ಗಮನಿಸಿರಿ.

ಎಚ್ಚರಿಕೆ, ಅಮಾನತು, ಸನ್ನದು ರದ್ದು ಇವಿಷ್ಟೇ ಸಮಿತಿ ಕೊಡಬಹುದಾದ ಶಿಕ್ಷೆ. ಕಳೆದುಕೊಂಡ ಹಣಕ್ಕೆ ಪರಿಹಾರ ಬೇಕಾದವನು ಸಿವಿಲ್ ಕೋರ್ಟಿನ ಮೆಟ್ಟಿಲು ಹತ್ತಬೇಕು, ಮತ್ತೊಬ್ಬ ವಕೀಲರನ್ನು ಹಿಡಿದು. ಗ್ರಾಹಕ ನ್ಯಾಯಾಲಯಕ್ಕಾದರೂ ಹೋಗೋಣವೆಂದರೆ, ವಕೀಲರ ಸೇವೆ ಗ್ರಾಹಕ ಕಾಯ್ದೆಯ ವ್ಯಾಪ್ತಿಗೆ ಬರುವುದಿಲ್ಲವೆಂದು 2024ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟು ಹೇಳಿದೆ.

ಪ್ರಾಮಾಣಿಕವಾಗಿ ದುಡಿಯುವ ವಕೀಲರು ನಮ್ಮ ಊರುಗಳಲ್ಲಿ ಬೇಕಾದಷ್ಟಿದ್ದಾರೆ. ವಂಚಕರಿಂದ ಅವರ ಹೆಸರೂ ಕೆಡುತ್ತದೆ. ಕಕ್ಷಿದಾರರ ಹಣದ ಲೆಕ್ಕವಿಡಬೇಕು, ಕೇಳಿದಾಗ ಅದರ ಪ್ರತಿ ಕೊಡಬೇಕು ಎಂದು ಪರಿಷತ್ತಿನ ನಿಯಮಗಳಲ್ಲೇ ಇದೆ. ಫೀಸು ಬಾಕಿಯಿದ್ದರೂ ಕಕ್ಷಿದಾರನ ಕಡತವನ್ನು ಹಿಡಿದಿಟ್ಟುಕೊಳ್ಳುವಂತಿಲ್ಲ. 2000ನೇ ಇಸವಿಯಲ್ಲಿ ಸುಪ್ರೀಂ ಕೋರ್ಟು ಇದನ್ನು ಸ್ಪಷ್ಟಪಡಿಸಿದೆ. ಬಾಕಿ ವಸೂಲಿಗೆ ವಕೀಲರಿಗೆ ಬೇರೆ ದಾರಿಯಿದೆ. ಕಾಗದ ಮಾತ್ರ ಕಕ್ಷಿದಾರನದು.