ರಿಮೋಟ್ ಡೆಸ್ಕ್‌ಟಾಪ್ ತಂತ್ರಾಂಶ

ದೂರದ ಕಂಪ್ಯೂಟರಿನ ತೆರೆಯನ್ನು ಇಲ್ಲಿ ಕುಳಿತು ನೋಡಿ, ಇಲ್ಲಿಯ ಕೀಲಿಮಣೆಯಿಂದಲೇ ಅದನ್ನು ನಡೆಸುವ ತಂತ್ರಾಂಶ. ನಿಪ್ಪಾಣಿ ತಾಲ್ಲೂಕಿನ ಬೋರಗಾಂವದಂಥ ಊರಿನ ಅಂಗಡಿಯಲ್ಲಿ ಈ ಹೆಸರು ಕೇಳಸಿಗುವುದು ಅಪರೂಪ. ಲೆಕ್ಕದ ಕಂಪ್ಯೂಟರ್ ಕೆಟ್ಟಾಗ ಫೋನಿನ ಆಚೆಯವನು ‘ಎನಿಡೆಸ್ಕ್ ತೆಗೀರಿ, ನಂಬರ್ ಹೇಳ್ರಿ’ ಎಂದರೆ ಅದೇ ಇದು.

1984ರಲ್ಲಿ ಅಮೆರಿಕದ ಎಂಐಟಿಯಲ್ಲಿ ಹುಟ್ಟಿದ, ಒಂದು ಯಂತ್ರದ ಕಿಟಕಿಯನ್ನು ಇನ್ನೊಂದರ ತೆರೆಯಲ್ಲಿ ತೋರಿಸಬಲ್ಲ ಎಕ್ಸ್ ವಿಂಡೋ ವ್ಯವಸ್ಥೆಯಲ್ಲೇ ಇದರ ಬೇರಿದೆ. ಆದರೆ ಯಾವ ಯಂತ್ರದಿಂದ ಯಾವ ಯಂತ್ರಕ್ಕಾದರೂ ಹೋಗಬಲ್ಲ ರೂಪ ಬಂದದ್ದು ಇಂಗ್ಲೆಂಡಿನ ಕೇಂಬ್ರಿಜ್‌ನ ಒಲಿವೆಟ್ಟಿ-ಒರೇಕಲ್ ಸಂಶೋಧನಾಲಯದಿಂದ. ಅಲ್ಲಿ ರೂಪುಗೊಂಡ ವಿಎನ್‌ಸಿ (ವರ್ಚುವಲ್ ನೆಟ್‌ವರ್ಕ್ ಕಂಪ್ಯೂಟಿಂಗ್) 1998ರಲ್ಲಿ ಮುಕ್ತ ತಂತ್ರಾಂಶವಾಗಿ ಹೊರಬಂತು. ಅದರ ಕರ್ತೃಗಳಲ್ಲೊಬ್ಬರಾದ ಕ್ವೆಂಟಿನ್ ಸ್ಟ್ಯಾಫರ್ಡ್-ಫ್ರೇಸರ್ 1991ರಲ್ಲಿ ಕಾಫಿ ಪಾತ್ರೆ ಖಾಲಿಯಾಯಿತೇ ಎಂದು ಕುಳಿತಲ್ಲಿಂದಲೇ ನೋಡುವ ಏರ್ಪಾಟು ಮಾಡಿದವರಲ್ಲೂ ಒಬ್ಬರು. ಎದ್ದು ಹೋಗುವ ಬೇಸರದ ಋಣ ಈ ವಿದ್ಯೆಯ ಮೇಲೆ ಇದ್ದೇ ಇದೆ! ವಿಎನ್‌ಸಿಯ ಜಾಣತನ ಅದರ ಸರಳತೆ. ತೆರೆಯಲ್ಲಿ ಬದಲಾದ ಚೌಕಗಳಷ್ಟೇ ಚಿತ್ರವಾಗಿ ಬರುತ್ತವೆ, ಒತ್ತಿದ ಕೀಲಿಗಳು ಮರಳಿ ಹೋಗುತ್ತವೆ. ಹೀಗಾಗಿ ನೋಡುವ ತಂತ್ರಾಂಶ ಒಂದು ಫ್ಲಾಪಿಯಲ್ಲಿ ಹಿಡಿಸುತ್ತಿತ್ತು. ಭದ್ರತೆ ಮಾತ್ರ ತೆಳು: ಗುಪ್ತಪದ ಎಂಟು ಅಕ್ಷರ, ಚಿತ್ರಕ್ಕೆ ಗೂಢಲಿಪಿಯ ಹೊದಿಕೆಯೇ ಇಲ್ಲ. ಬಲ್ಲವರು ಅದನ್ನು ಎಸ್‌ಎಸ್‌ಎಚ್ ಎಂಬ ಗೂಢಲಿಪಿಯ ಸುರಂಗದೊಳಗೆ ಹಾಯಿಸಿದರು.

ಅದೇ 1998ರಲ್ಲಿ ಮೈಕ್ರೋಸಾಫ್ಟ್ ತನ್ನ ಆರ್‌ಡಿಪಿ (ರಿಮೋಟ್ ಡೆಸ್ಕ್‌ಟಾಪ್ ಪ್ರೋಟೊಕಾಲ್) ತಂದಿತು. ಇಂದಿಗೂ ವಿಂಡೋಸ್ ಹೋಮ್ ಆವೃತ್ತಿ ಆರ್‌ಡಿಪಿಯಿಂದ ಬೇರೆ ಯಂತ್ರವನ್ನು ನೋಡಬಲ್ಲದು, ತನ್ನನ್ನು ತೋರಿಸಲಾರದು. ಲಿನಕ್ಸ್‌ನ ರೆಮ್ಮಿನಾ ವಿಎನ್‌ಸಿ, ಆರ್‌ಡಿಪಿ ಎರಡನ್ನೂ ತೆರೆಯುತ್ತದೆ. ರೌಟರಿನ ಹಿಂದೆ ಅಡಗಿದ ಯಂತ್ರವನ್ನು ಮುಟ್ಟುವ ತೊಡಕನ್ನು ಟೀಮ್‌ವ್ಯೂವರ್ (2005), ಎನಿಡೆಸ್ಕ್‌ಗಳು (2014) ನಡುವೆ ತಮ್ಮ ಸರ್ವರ್ ಇಟ್ಟು ಬಿಡಿಸಿದವು. ವಿಎನ್‌ಸಿಗೆ ಪೋರ್ಟ್ 5900, ಆರ್‌ಡಿಪಿಗೆ 3389 ಎಂಬ ಗೊಡವೆ ಹೋಗಿ ಒಂದು ಸಂಖ್ಯೆ ಹೇಳಿದರೆ ಸಾಕಾಯಿತು.

ಕರ್ನಾಟಕದ ಅಧ್ಯಾಯ ಬೆಂಗಳೂರಿನ ಲೆಕ್ಕದ ತಂತ್ರಾಂಶ ಟ್ಯಾಲಿಯದು. 2009ರ ಟ್ಯಾಲಿ ಇಆರ್‌ಪಿ 9 ಲೆಕ್ಕದ ಪುಸ್ತಕವನ್ನು ದೂರದಿಂದ ತೆರೆಯುವ ಸೌಲಭ್ಯ ಕೊಟ್ಟಿತು. ಇದು ತೆರೆಯನ್ನೆಲ್ಲ ಒಪ್ಪಿಸುವುದಲ್ಲ, ಲೆಕ್ಕವನ್ನಷ್ಟೇ ತೋರಿಸುವುದು. ಸಣ್ಣ ವ್ಯಾಪಾರಿಗೆ ಹೆಚ್ಚು ವಿವೇಕದ ದಾರಿ. ಇಡೀ ತೆರೆ ಒಪ್ಪಿಸುವುದರ ಅಪಾಯವನ್ನು ರಿಸರ್ವ್ ಬ್ಯಾಂಕ್ 2019ರ ಫೆಬ್ರುವರಿಯಲ್ಲಿ ಬ್ಯಾಂಕುಗಳಿಗೆ ಎಚ್ಚರಿಸಿತು: ವಂಚಕರು ಎನಿಡೆಸ್ಕ್ ಹಾಕಿಸಿ, ಸಂಖ್ಯೆ ಕೇಳಿ, ಮೊಬೈಲಿನಿಂದ ಹಣ ಎತ್ತುತ್ತಿದ್ದರು.

ಕನ್ನಡದ ತೊಡಕು ಬೇರೆಯೇ. ವಿಎನ್‌ಸಿ ಕಳಿಸುವುದು ಕೀಲಿಯ ಜಾಗವನ್ನಲ್ಲ, ಅದರ ಚಿಹ್ನೆಯನ್ನು. ಇಲ್ಲಿ ಕನ್ನಡ ಕೀಲಿಮಣೆ ಹಚ್ಚಿದರೆ ಆ ತುದಿಯಲ್ಲಿ ಅಕ್ಷರ ಮೂಡದೆಯೂ ಹೋಗಬಹುದು. ಇಲ್ಲಿ ಇಂಗ್ಲಿಷ್ ಇಟ್ಟು, ಅಲ್ಲಿಯ ಯಂತ್ರದಲ್ಲಿ ಕನ್ನಡ ಬರೆಯುವ ‘ನುಡಿ’ ತಂತ್ರಾಂಶ ತೆರೆಯುವುದೇ ಸರಿ. ರೋಮನ್ ಸಂಕೇತಗಳ ಮೇಲೆ ಕನ್ನಡ ರೂಪ ಕೂರಿಸಿದ ಹಳೆಯ ನುಡಿ ಅಕ್ಷರಶೈಲಿಯ ಕಡತವಾದರೆ ಇನ್ನೊಂದು ಸೋಜಿಗ: ಬರುವುದು ಬರೀ ಚಿತ್ರವಾದ್ದರಿಂದ ನೋಡುವಾಗ ಕನ್ನಡ ಸ್ಫುಟವಾಗಿರುತ್ತದೆ, ನಕಲಿಸಿ ಈಚೆ ಅಂಟಿಸಿದೊಡನೆ ರೋಮನ್ ಅಕ್ಷರಗಳ ಕಲಸುಮೇಲೋಗರವಾಗುತ್ತದೆ.