ಮನ್ಯು ಶಬ್ದಾರ್ಥ ವಿಚಾರ

ಅನ್ಯಾಯವನ್ನು ಕಂಡು ಸತ್ಪುರುಷರಲ್ಲಿ ಉದಿಸುವ ಕೋಪವು ‘ಮನ್ಯು’ವೆಂದೂ, ‘ಕ್ರೋಧ’ವು ಕೇವಲ ದೋಷವೆಂದೂ ವಿಭಾಗಿಸಿ ಹೇಳುವುದುಂಟು. ಈ ವಿಭಾಗಕ್ಕೆ ಪ್ರಾಚೀನ ಪ್ರಯೋಗಗಳ ಆಧಾರವೆಷ್ಟೆಂಬುದು ವಿಚಾರಾರ್ಹವಾಗಿದೆ.

ಮನ್ಯು ಶಬ್ದವು ‘ಮನ್’ ಧಾತುವಿನಿಂದ ಹುಟ್ಟಿದುದು. ಮನಸ್ಸು, ಮತಿ, ಮಂತ್ರ ಎಂಬ ಶಬ್ದಗಳಿಗೂ ಇದೇ ಮೂಲ. ಯಾಸ್ಕನು ನಿರುಕ್ತದಲ್ಲಿ ಈ ಧಾತುವಿಗೆ ದೀಪ್ತಿ, ಕ್ರೋಧ ಎಂಬ ಅರ್ಥಗಳನ್ನು ಕಲ್ಪಿಸಿ ಮನ್ಯುವನ್ನು ವಿವರಿಸಿದ್ದಾನೆ. ಗ್ರೀಕಿನ ‘ಮೆನೊಸ್’, ಅವೆಸ್ತಾದ ‘ಮೈನ್ಯು’ ಇದರ ಸೋದರ ಶಬ್ದಗಳು. ಮೊದಲನೆಯದಕ್ಕೆ ಮನೋವೇಗ, ಶೌರ್ಯವೆಂದೂ ಎರಡನೆಯದಕ್ಕೆ ಚೇತನವೆಂದೂ ಅರ್ಥ. ಸ್ಪೆಂತ ಮೈನ್ಯು ಶುಭಚೇತನ. ಅಂಗ್ರ ಮೈನ್ಯು ಅಶುಭಚೇತನ. ಶುಭಾಶುಭಗಳು ಅಲ್ಲಿ ವಿಶೇಷಣದಿಂದ ಬಂದುವೇ ಹೊರತು ಮೂಲಶಬ್ದದಿಂದಲ್ಲ.

ಋಗ್ವೇದದಲ್ಲಿಯೂ ಇದೇ ಸ್ಥಿತಿ ತೋರುತ್ತದೆ. ಹತ್ತನೆಯ ಮಂಡಲದ 83, 84ನೆಯ ಸೂಕ್ತಗಳಲ್ಲಿ ಮನ್ಯುವು ದೇವತೆ. ಇಂದ್ರ, ವರುಣ, ಅಗ್ನಿಗಳೊಡನೆ ಅಭಿನ್ನನೆನಿಸಿ, ತಪಸ್ಸಿನೊಡಗೂಡಿ ಶತ್ರುಗಳನ್ನು ಗೆಲ್ಲಿಸಿಕೊಡಬೇಕೆಂದು ಪ್ರಾರ್ಥಿತನಾಗಿದ್ದಾನೆ. ಆದರೆ ಏಳನೆಯ ಮಂಡಲದ 86ನೆಯ ಸೂಕ್ತದಲ್ಲಿ ವಸಿಷ್ಠನು ತನ್ನ ಅಪರಾಧದ ಕಾರಣಗಳನ್ನು ವರುಣನ ಮುಂದೆ ಎಣಿಸುವಾಗ ಸುರೆ, ದ್ಯೂತ, ಅವಿವೇಕಗಳ ಸಾಲಿನಲ್ಲಿಯೇ ಮನ್ಯುವನ್ನೂ ಸೇರಿಸಿದ್ದಾನೆ. ಒಂದೆಡೆ ಆರಾಧ್ಯವಾದುದು ಮತ್ತೊಂದೆಡೆ ಪಾಪಹೇತುವಾಗಿದೆ.

ಮಹಾಭಾರತದ ವನಪರ್ವದಲ್ಲಿ ದ್ರೌಪದಿಯು, ತಮ್ಮಂದಿರ ದುಃಸ್ಥಿತಿಯನ್ನು ಕಂಡೂ ಮನ್ಯುವೇಕೆ ಬೆಳೆಯದೆಂದು ಯುಧಿಷ್ಠಿರನನ್ನು ಮರಳಿ ಮರಳಿ ಕೇಳುತ್ತಾಳೆ. ಅವನ ಉತ್ತರವಾದರೋ ಬಹುಮಟ್ಟಿಗೆ ಕ್ರೋಧದ ನಿಂದೆ. ಇವೆರಡರ ನಡುವೆ ಅವಳು ಹೇಳುವ ಬಲಿ-ಪ್ರಹ್ಲಾದ ಸಂವಾದವು ಸದಾ ತೇಜಸ್ಸೂ ಶ್ರೇಯಸ್ಕರವಲ್ಲ, ಸದಾ ಕ್ಷಮೆಯೂ ಶ್ರೇಯಸ್ಕರವಲ್ಲವೆಂದು ನಿರ್ಣಯಿಸುತ್ತದೆ. ವಿವಾದವು ಶಬ್ದದ್ದಲ್ಲ, ಕಾಲೌಚಿತ್ಯದ್ದು. ಇದೇ ಪ್ರಸಂಗವನ್ನು ಭಾರವಿಯು ಕಿರಾತಾರ್ಜುನೀಯದ ಮೊದಲ ಸರ್ಗದಲ್ಲಿ ವಿಸ್ತರಿಸಿದನು. ಅವನ ಕೀರ್ತಿ ಕನ್ನಡನಾಡಿನಲ್ಲಿ ಹಬ್ಬಿದ್ದುದಕ್ಕೆ ಕ್ರಿ. ಶ. 634ರ ಐಹೊಳೆಯ ಶಾಸನವು ಸಾಕ್ಷಿ.

ಕಾಲಾಂತರದಲ್ಲಿ ಅರ್ಥವು ಕವಲೊಡೆಯಿತು. ಅಮರಕೋಶವು ಮನ್ಯುವಿಗೆ ದೈನ್ಯ, ಯಜ್ಞ, ಕ್ರೋಧ ಎಂಬ ಮೂರು ಅರ್ಥಗಳನ್ನು ಕೊಟ್ಟಿದೆ. ಧರ್ಮದ ಸೂಚನೆ ಅಲ್ಲಿಲ್ಲ.

ಆದುದರಿಂದ ಮನ್ಯುವೆಂಬುದು ಮೂಲತಃ ಮನಸ್ಸಿನ ಉಜ್ಜ್ವಲಾವಸ್ಥೆ. ಅದನ್ನು ಧರ್ಮ್ಯವನ್ನಾಗಿಸುವುವು ನಿಮಿತ್ತ, ಮಿತಿ, ವಿವೇಕಗಳು. ಬಂದ ಕಡೆಯಲ್ಲೆಲ್ಲ ಅದನ್ನು ‘ಸಾತ್ತ್ವಿಕ ಕೋಪ’ವೆಂದು ಅರ್ಥೈಸಿದರೆ ವಸಿಷ್ಠನ ಪಶ್ಚಾತ್ತಾಪವು ನಿರರ್ಥಕವಾಗುತ್ತದೆ, ‘ಕ್ರೋಧ’ವೆಂದಷ್ಟೇ ಅರ್ಥೈಸಿದರೆ ದ್ರೌಪದಿಯ ಪ್ರಶ್ನೆಯ ಬಲ ಕುಂದುತ್ತದೆ.